ಬ್ಯಾರನ್ ಒಳಗೆ ನಡುಮಧ್ಯಾಹ್ನದ ಸಿನಿಮಾ

ಕಳೆದ ವಾರ ಹುಣಸೂರಿನಿಂದ ಕೆ.ಆರ್. ನಗರದ ಬಸ್ಸಿನಲ್ಲಿದ್ದೆ. ಊರು ದಾಟುತ್ತಿದ್ದಂತೆ ಕಿಟಕಿಯಿಂದ ಹೊಗೆಸೊಪ್ಪು ಬೇಯುವ ವಾಸನೆ ಬಂತು. ಸ್ವಲ್ಪ ಸಿಹಿ, ಸ್ವಲ್ಪ ಗಾಟು. ಹುಣಸೂರಿನಲ್ಲಿ ಮದುವೆ ವಿಡಿಯೊ ತೆಗೆಯುತ್ತಿದ್ದ ಸ್ಟುಡಿಯೊದವರೊಬ್ಬರು ನೆನಪಾದರು. ಅವರ ಕ್ಯಾಮೆರಾ ಚೀಲಕ್ಕೂ ಇದೇ ವಾಸನೆ ಇರುತ್ತಿತ್ತು…

ನಾನಾಗ ಪತ್ರಿಕೆಯೊಂದರ ತಾಲ್ಲೂಕು ವರದಿಗಾರ. ಅವರು ಮದುವೆಗಳಲ್ಲಿ ದುಡಿದು, ಬಿಡುವಿನಲ್ಲಿ ಸಾಕ್ಷ್ಯಚಿತ್ರ ಮಾಡುತ್ತಿದ್ದರು. ಮಾಡಿ ಎಂದು ಯಾರೂ ಕೇಳಿರಲಿಲ್ಲ. ಅವರದೊಂದು ನಿಯಮವಿತ್ತು: ಚಿತ್ರವನ್ನು ಮೊದಲು ಅದರಲ್ಲಿರುವವರೇ ನೋಡಬೇಕು. ಅವರು ಒಪ್ಪದೆ ಅದು ಊರು ಬಿಡುವಂತಿರಲಿಲ್ಲ.

ಒಂದು ವರ್ಷ ಇದೇ ದಾರಿಯ ಊರೊಂದರಲ್ಲಿ ಹೊಗೆಸೊಪ್ಪು ಕಟ್ಟುವ ಹೆಂಗಸರ ಬಗ್ಗೆ ಚಿತ್ರ ಮಾಡಿದರು. ಮೈಸೂರಿನ ಚಿತ್ರೋತ್ಸವವೊಂದು ಅದನ್ನು ಕೇಳಿತ್ತು. ಅಂಥ ಕರೆ ಅವರಿಗೆ ಅದೇ ಮೊದಲು.

ಸೊಪ್ಪು ಬೇಯಿಸುವ ಎತ್ತರದ ಕೋಣೆಯಾದ ಬ್ಯಾರನ್‌ಗೆ ಬೆಳಕು ಬರುವ ಕಿಟಕಿಯಿಲ್ಲ. ಬೆಳೆ ಮುಗಿದು ಖಾಲಿಯಾದ ಬ್ಯಾರನ್‌ನಲ್ಲಿ, ನಡುಮಧ್ಯಾಹ್ನ, ಗೋಡೆಗೆ ಪಂಚೆ ಕಟ್ಟಿ ತೋರಿಸಿದರು. ಪರದೆಯ ಮೇಲೆ ಹೆಂಗಸರು ರೇಷ್ಮೆ ಸೀರೆ ಉಟ್ಟು, ಮಲ್ಲಿಗೆ ಮುಡಿದು, ಕಡ್ಡಿಗೆ ಸೊಪ್ಪು ಕಟ್ಟುತ್ತಿದ್ದರು! ಆ ಕ್ಯಾಮೆರಾವನ್ನು ಅವರು ಕಂಡದ್ದು ಮದುವೆಮನೆಯಲ್ಲಿ ಮಾತ್ರ. ಅದು ಬರುತ್ತದೆಂದಾಗ ಮದುವೆಗೆ ಹೊರಟಂತೆಯೇ ಹೊರಟಿದ್ದರು. ಬೇಡ ಎನ್ನಲು ಸ್ಟುಡಿಯೊದವರಿಗೆ ಬಾಯಿ ಬಂದಿರಲಿಲ್ಲ.

ಮೊದಲು ನಕ್ಕವರೂ ಆ ಹೆಂಗಸರೇ.

“ಲೇ, ಧಾರೆಗೆ ಒಂಟಿದ್ದೀಯೇನೆ, ಸೊಪ್ಪು ಕಟ್ಟಾಕೆ ಕುಂತಿದ್ದೀಯೇನೆ?” ಎಂದು ಒಬ್ಬಾಕೆ ಪಕ್ಕದವಳನ್ನು ತಿವಿದಳು.

“ನಿನ್ ಬಳೆ ನೋಡ್ಕೊಳೆ, ನೀನೇ ಮದ್ವಣ್ಗಿತ್ತಿ!” ಎಂದಳು ಅವಳು.

ನಗು ನಿಂತ ಮೇಲೆ ಹಿರಿಯಾಕೆಯೊಬ್ಬರು ಹೇಳಿದರು: “ಇದು ನಾವಲ್ಲ ಕಣಪ್ಪ. ನಮ್ ಕೈ ಅಂಟಾಗಿ ಕರ್‍ರಗಿರ್ತದೆ. ಅದನ್ನ ವಿಡಿಯೊ ತೆಗಿ.”

ಮತ್ತೆ ಚಿತ್ರೀಕರಿಸಲು ಮುಂದಿನ ಬೆಳೆಯವರೆಗೆ ಕಾಯಬೇಕಿತ್ತು. ಉತ್ಸವ ಕಾಯುವುದಿಲ್ಲ. “ಇರೋದನ್ನೇ ಕಳ್ಸಿ. ಅಲ್ಲಿ ಯಾರಿಗೆ ಗೊತ್ತಾಗುತ್ತೆ?” ಎಂದೆ.

“ಇವರಿಗೆ ಗೊತ್ತಲ್ಲ ಸಾರ್,” ಎಂದರು.

ಮರುದಿನವೇ ಚಿತ್ರ ಕಳಿಸುವುದಿಲ್ಲವೆಂದು ಉತ್ಸವಕ್ಕೆ ಬರೆದರು. ಅಲ್ಲಿಂದ ಮತ್ತೆಂದೂ ಕರೆ ಬರಲಿಲ್ಲ.

ಮುಂದಿನ ವರ್ಷ ಬೆಳೆಯುದ್ದಕ್ಕೂ ಆ ಹೆಂಗಸರ ಜೊತೆಗೇ ಇದ್ದು ತೆಗೆದರು. ಬೆಳೆ ಮುಗಿದ ಮೇಲೆ ತೋರಿಸಿದರು: ಅದೇ ಬ್ಯಾರನ್, ಅದೇ ಪಂಚೆ. ಹಳೆಯ ಸೀರೆ, ಕಪ್ಪಾದ ಬೆರಳು, ಕಣ್ಣಿಗೆ ಸಿಗದಷ್ಟು ಚುರುಕಾಗಿ ಬೀಳುವ ಗಂಟು. ಯಾರೂ ನಗಲಿಲ್ಲ. ಮುಗಿದಾಗ ಹಿರಿಯಾಕೆ ಎದ್ದು ನಿಂತರು. “ಈಗ ನಾವು ಕಣಪ್ಪ. ಇನ್ನೊಂದ್ ಸಲ ಆಕು.” ಸಂಜೆಯೊಳಗೆ ಮೂರು ಸಲ ಹಾಕಿಸಿದರು. ಪ್ರೊಜೆಕ್ಟರ್ ಬಿಸಿಯೇರಿ, ನಾಲ್ಕನೆಯ ಸಲ ಆಗಲಿಲ್ಲ.

ಸುದ್ದಿ ಹಬ್ಬಿತು. ಪಿರಿಯಾಪಟ್ಟಣದ ಕಡೆಯಿಂದ, ಭೇರ್ಯದ ಕಡೆಯಿಂದ, ನಮ್ಮೂರಿಗೆ ಯಾವಾಗ ಎಂದು ಕೇಳತೊಡಗಿದರು. ಪ್ರತಿ ವರ್ಷ ಬ್ಯಾರನ್‌ಗಳು ಖಾಲಿಯಾಗುತ್ತಿದ್ದಂತೆ ಪ್ರೊಜೆಕ್ಟರನ್ನು ಬೈಕಿಗೆ ಕಟ್ಟಿಕೊಂಡು ಹೊರಡುತ್ತಿದ್ದರು. ನಾನು ಕಳಿಸಿದ ವರದಿ ಅಚ್ಚಾಗಲಿಲ್ಲ. ಆದರೆ ಒಂದು ಚಿತ್ರವನ್ನು ಜನ ಹೀಗೆ ಕೇಳಿ ಕೇಳಿ ಹಾಕಿಸಿಕೊಂಡದ್ದನ್ನು ನಾನು ಬೇರೆಲ್ಲೂ ಕಂಡಿಲ್ಲ.

ಸ್ಟುಡಿಯೊದವರು ತೀರಿಕೊಂಡು ಎರಡು ವರ್ಷವಾಯಿತು… ಕಳೆದ ವಾರ ನಾನು ಆ ಹೆಂಗಸರ ಊರಿನಲ್ಲೇ ಬಸ್ಸಿಳಿದೆ. ಹಿರಿಯಾಕೆಯೂ ಈಗಿಲ್ಲ. ಅವರ ಸೊಸೆ ಸೊಪ್ಪು ಕಟ್ಟುತ್ತಿದ್ದರು. ಕೈ ಒರೆಸಿಕೊಂಡು, ಮೊಬೈಲಿನಲ್ಲಿ ಚಿತ್ರ ಹಾಕಿ ತೋರಿಸಿದರು.

“ನಮ್ಮತ್ತೆ ನೋಡಿ ಸಾ. ಗಂಟು ಸಡಿಲ ಬಿಟ್ರೆ ಇವತ್ತೂ ಇದ್ರೊಳಗಿಂದ್ಲೇ ಬಯ್ತಾರೆ ಅನ್ಸುತ್ತೆ.”

ಇಬ್ಬರೂ ನಕ್ಕೆವು. ಆಮೇಲೆ ಆಕೆ ಕೇಳಿದರು: “ಆ ವಿಡಿಯೊದೋರ್ದು ಒಂದು ಫೋಟೊ ಇದ್ರೆ ಕೊಡಿ. ಗೋಡೆ ಮೇಲೆ ಅತ್ತೆ ಫೋಟೊ ಪಕ್ಕದಲ್ಲಿ ಆಕಬೇಕು.”

ಸ್ಟುಡಿಯೊದವರ ಜೊತೆ ಅಷ್ಟು ವರ್ಷ ಓಡಾಡಿದ್ದೆ. ಅವರದೊಂದು ಫೋಟೊ ಕೂಡ ನನ್ನ ಬಳಿ ಇರಲಿಲ್ಲ.