ಮುನೀಮ ಕುಡಿದ ನೀರು

ಅಪ್ಪ ಗೌಂಡಿ. ಬಾಂದ್ರಾದ ಎಷ್ಟೋ ಬಿಲ್ಡಿಂಗುಗಳ ಮೇಲೆ ನೀರಿನ ಟಾಕಿ ಕಟ್ಟಿದವನು. ಅವನ ಮನೆಯ ನಲ್ಲಿಯಲ್ಲಿ ಮಾತ್ರ ಹನಿ ನೀರಿರಲಿಲ್ಲ. ಸಾಂತಾಕ್ರೂಜಿನಲ್ಲಿ ನಾವು ಬಾಡಿಗೆಗಿದ್ದ ಚಾಳನ್ನು ಕೆಡವಿ ಹೊಸ ಬಿಲ್ಡಿಂಗ್ ಎಬ್ಬಿಸುವ ಆಸೆ ಹುಟ್ಟಿದ್ದೇ ತಡ, ಮಾಲೀಕ ನೀರಿನ ಪೈಪು ಕಡಿಸಿಬಿಟ್ಟಿದ್ದ. ಬಾಡಿಗೆದಾರರು ತಾವಾಗಿ ಓಡಿಹೋಗಲಿ ಎಂದು. ಅಂದಿನಿಂದ ಅವ್ವ ರೈಲು ಹಳಿ ದಾಟಿ, ಆಚೆಯ ಬಾವಿಯಿಂದ ಕೊಡ ಹೊತ್ತು ತರುತ್ತಿದ್ದಳು. ಅವಳಿಗೆ ಒಂದು ಕಿವಿ ಮಂದ. ಲೋಕಲ್ ಬರುವ ಸದ್ದು ಕೇಳಿಸಿತೋ ಇಲ್ಲವೋ ಎಂದು ನಾನು ಈಚೆ ನಿಂತು ಗಂಟಲು ಹರಿಯುವಂತೆ ಕೂಗುತ್ತಿದ್ದೆ.

ನಾವು ಕೇಸು ಹಾಕಿದ್ದಕ್ಕೆ ಕೋರ್ಟು ನಮ್ಮ ಪರವಾಗಿಯೇ ಆಜ್ಞೆ ಮಾಡಿತ್ತು: ಕೂಡಲೇ ನೀರು ಬಿಡಬೇಕು. ಚಾಳಿನವರೆಲ್ಲ ಪೇಡೆ ಹಂಚಿದ್ದೆವು. ದೇವರು ವರ ಕೊಟ್ಟರೂ ಪೂಜಾರಿ ಕೊಡ ಅನ್ನುತ್ತಾರಲ್ಲ, ಹಾಗಾಯಿತು. ಮಳೆಗಾಲ ಹೋಯಿತು, ದೀಪಾವಳಿ ಹೋಯಿತು, ನೀರು ಬರಲಿಲ್ಲ. ಪೈಪು ಸಿಗುತ್ತಿಲ್ಲ, ಪ್ಲಂಬರ್ ಊರಿಗೆ ಹೋಗಿದ್ದಾನೆ. ಮಾಲೀಕನ ಬಾಯಲ್ಲಿ ನೆಪಗಳಿಗೇನು ಬರವೇ? ಕೊನೆಗೆ ಫೋರ್ಟ್ ಪ್ರದೇಶದಲ್ಲಿದ್ದ ನಮ್ಮ ವಕೀಲರು, ಉಡುಪಿ ಕಡೆಯವರು, ಅವನ ಮೇಲೆ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದರು.

ಅದು ಗೊತ್ತಾಗುತ್ತಲೇ ಮಾಲೀಕನ ಲೆಕ್ಕಪತ್ರ ನೋಡುವ ಮುನೀಮ ಚಾಳಿಗೆ ಬಂದ. ಸುಮ್ಮನೆ ವಿಚಾರಿಸಿಕೊಂಡು ಹೋಗಲು ಬಂದನಂತೆ. ನಮ್ಮ ವಿಜಾಪುರದ ಕಡೆ ಹೊಸ್ತಿಲಿಗೆ ಯಾರೇ ಬರಲಿ, ಮೊದಲು ಒಂದು ತಂಬಿಗೆ ನೀರು, ಒಂದು ಚೂರು ಬೆಲ್ಲ. ಮಾತುಕತೆ ಆಮೇಲೆ. ವೈರಿಯಾದರೂ ಅಷ್ಟೆ. ಅವ್ವ ಕೊಟ್ಟಳು. ಅವನು ಗಟಗಟ ಕುಡಿದು ಇನ್ನಷ್ಟು ಕೇಳಿದ. ಮತ್ತೂ ಕೊಟ್ಟಳು.

ವಿಚಾರಣೆಯ ದಿನ ಅಪ್ಪನ ಜೊತೆ ನಾನೂ ಹೋಗಿದ್ದೆ. ಕಾಲೇಜಿನವಳು, ಇಂಗ್ಲಿಷ್ ತಿಳಿಯುತ್ತಿತ್ತು. ಎದುರು ವಕೀಲ ಎದ್ದು ಮುನೀಮನ ಪ್ರಮಾಣಪತ್ರ ಓದಿದ: ಈ ಮನೆಯಲ್ಲಿ ತನಗೆ ಎರಡೆರಡು ಸಲ ನೀರು ಕೊಟ್ಟಿದ್ದಾರೆ, ಬಂದವರಿಗೆಲ್ಲ ಕೊಡುವಷ್ಟು ನೀರು ಅಲ್ಲಿದೆ, ದೂರು ಶುದ್ಧ ಸುಳ್ಳು. ಉಂಡ ಮನೆಯ ಜಂತೆ ಎಣಿಸುವವರ ಬಗ್ಗೆ ಕೇಳಿದ್ದೆ. ಕುಡಿದ ನೀರನ್ನೇ ಸಾಕ್ಷಿಗೆ ತಂದವನನ್ನು ಅಲ್ಲೇ ಕಂಡದ್ದು. ಅಪ್ಪನಿಗೆ ಅದನ್ನು ಕನ್ನಡದಲ್ಲಿ ಸಿಟ್ಟಿನಿಂದಲೇ ಹೇಳಿದೆ. ಕೋರ್ಟು, ಖುದ್ದಾಗಿ ನೋಡಿ ಬರಲು ಒಬ್ಬ ಕಮಿಷನರನ್ನು ನೇಮಿಸಿತು.

"ಇನ್ನು ಯಾರು ಬಂದ್ರೂ ಒಂದು ಹನಿ ನೀರು ಕೊಡಬೇಡಿ ಮಾರಾಯ್ರೆ" ಎಂದರು ನಮ್ಮ ವಕೀಲರು, ಹೊರಗೆ ಬಂದ ಮೇಲೆ. "ಕೊಟ್ರೆ ಕೇಸು ಹೋಯ್ತು."

ಮನೆಗೆ ಬಂದು ಹೇಳಿದರೆ ಅವ್ವ ಒಪ್ಪಲಿಲ್ಲ. "ಬಂದಾವ್ರಿಗೆ ನೀರ ಇಲ್ಲ ಅನ್ನಾಕ ನಾಲಿಗಿ ಹ್ಯಾಂಗ ಏಳತೈತ್ರಿ?"

"ರೈಲಿಗೆ ಸಿಕ್ಕು ಸತ್ತರ ನಾಲಿಗಿ ಎಲ್ಲಿಂದ ತರ್ತಿ?" ಅಪ್ಪ ರೇಗಿದ. "ಇಲ್ಲ ಅನ್ನು, ಅಷ್ಟ."

ಕಮಿಷನರು ಬಂದದ್ದು ಮೇ ತಿಂಗಳ ಮಧ್ಯಾಹ್ನ. ವಯಸ್ಸಾದವರು, ಕರಿ ಕೋಟು, ಮೆಟ್ಟಿಲು ಹತ್ತಿ ಏದುಸಿರು ಬಿಡುತ್ತಿದ್ದರು. ನಲ್ಲಿ ತಿರುಗಿಸಿದರು, ಅದು ಕೊರ್ರೆಂದಿತು. ಅಂಗೈ ಹುಣ್ಣಿಗೆ ಕನ್ನಡಿ ಯಾಕೆ ಬೇಕಿತ್ತೋ ಆ ಕೋರ್ಟಿಗೆ! ಎಲ್ಲ ಬರೆದುಕೊಂಡ ಮೇಲೆ ಬೆವರು ಒರೆಸುತ್ತ, "ಬಾಯಿ, ಜರಾ ಪಾನಿ ಮಿಲೇಗಾ?" ಎಂದು ಅವ್ವನ ಹತ್ತಿರ ನೀರು ಕೇಳಿದರು.

ಪರದೆಯ ಹಿಂದೆ ಬೆಳಿಗ್ಗೆ ತಂದ ಕೊಡ ಇತ್ತು. ಅವ್ವ ಅಪ್ಪನ ಮುಖ ನೋಡಿದಳು. ಅಪ್ಪ ಗೋಡೆ ನೋಡುತ್ತಿದ್ದ.

"ನಹೀ ಹೈ, ಸಾಬ್" ಎಂದಳು ಅವ್ವ. ಅವರು ತಲೆಯಾಡಿಸಿ, ಮೆಟ್ಟಿಲ ಕಟಕಟೆ ಹಿಡಿದುಕೊಂಡು ನಿಧಾನ ಇಳಿದುಹೋದರು.

ಅಷ್ಟು ತಿಂಗಳು ಸಿಗದಿದ್ದ ಪೈಪು, ಮುಂದಿನ ವಿಚಾರಣೆಯ ಹಿಂದಿನ ದಿನ ಸಿಕ್ಕಿತು. ಮಾರನೆಯ ದಿನ ಮಾಲೀಕ ಇಸ್ತ್ರಿ ಮಾಡಿದ ಬಿಳಿ ಬಟ್ಟೆಯಲ್ಲಿ ಕೋರ್ಟಿಗೆ ಬಂದು ಕೈಮುಗಿದ. ತಪ್ಪಾಯಿತು ಎಂದ. ಕೋರ್ಟು ಕ್ಷಮೆ ಒಪ್ಪಿ ಕಡತ ಮುಚ್ಚಿತು. ತನ್ನ ವಕೀಲನ ಹೆಗಲ ಮೇಲೆ ಕೈಹಾಕಿ ನಗುತ್ತ ಅವನು ಹೊರಟ. ಅವನು ಕ್ಷಮೆ ಕೇಳಿದ್ದು ಕೋರ್ಟನ್ನು, ಕೊಡ ಹೊತ್ತು ಹಳಿ ದಾಟಿದವಳನ್ನಲ್ಲ. ನನ್ನ ಸಿಟ್ಟು ಇವತ್ತಿಗೂ ಇಳಿದಿಲ್ಲ.

ನಲ್ಲಿಯಲ್ಲಿ ನೀರು ಸುರಿಯತೊಡಗಿದ ಮೇಲೂ ಅವ್ವ ನನ್ನನ್ನು ಪೀಡಿಸುತ್ತಿದ್ದಳು. "ಆ ಸಾಹೇಬ್ರು ಎಲ್ಲಿರ್ತಾರ? ನಿನಗ ಇಂಗ್ಲಿಷ್ ಬರ್ತೈತಿ, ಹುಡುಕಿ ಕರ್ಕೊಂಡ ಬಾರವ್ವ. ಒಂದ ತಂಬಿಗಿ ನೀರ ಕೊಟ್ಟ ಕಳಸೂಣು."

"ಅವ್ರು ಯಾವಾಗೋ ಮರ್ತಿರ್ತಾರ, ಬಿಡವ್ವ" ಎಂದೆ.

"ನೀರಡಿಸಿ ಬಂದಾವ್ರು, ಇಲ್ಲ ಅಂದ ಮನಿ ಮರೀತಾರೇನ?" ಎಂದಳು.