ಡೂ ಮನೆತನದ ಮೂಲ

ನದಿಮೂಲ, ಋಷಿಮೂಲ ಬೇಕಾದರೆ ಹುಡುಕಿ. ವರ್ನಾ ಉಬ್ಬೆನ್ ಅವರಿಗೆ ಮಾತ್ರ ಸುಳ್ಳು ಮೂಲ ಕೊಡಬೇಡಿ. ಗಾದೆ ತಿರುಚಿದ್ದು ನಾನು. ಕತೆ ಮಾತ್ರ ನಮ್ಮೂರಲ್ಲೇ ನಡೆದದ್ದು.

ಬೆಳಗಿನ ಆರು. ನೆಬ್ರಾಸ್ಕದ ಬಯಲ ಸ್ಮಶಾನದಲ್ಲಿ ಎಪ್ಪತ್ತೆಂಟರ ವರ್ನಾ ಮಂಡಿಯೂರಿ, ಕೈಗನ್ನಡಿಯಿಂದ ಗೋರಿಕಲ್ಲಿನ ಮೇಲೆ ಓರೆಬೆಳಕು ಬೀಳಿಸುತ್ತಾರೆ. ಸವೆದ ಅಕ್ಷರಗಳು ಮೇಲೇಳುತ್ತವೆ. "ನೆತ್ತಿ ಬಿಸಿಲಲ್ಲಿ ಕಲ್ಲು ಬಾಯೇ ಬಿಡಲ್ಲ. ಓರೆಬೆಳಕಿಗೆ ಎಲ್ಲಾ ಹೇಳಿಬಿಡುತ್ತೆ."

ಮೂವತ್ತೊಂದು ವರ್ಷ ಶಾಲೆಯ ಬಸ್ಸು ಓಡಿಸಿದವರು. ಯಾವ ಮಗು ಯಾರ ಮನೆಯದೆಂದು ನೆನಪಿಡುತ್ತಲೇ ವಂಶ ಹುಡುಕುವ ಈ ಮೂಲವ್ಯಾಧಿ ಅಂಟಿತಂತೆ. ಪಾನೀ ಎಂಬ ಮೂಲನಿವಾಸಿಗಳನ್ನು ಒಕ್ಕಲೆಬ್ಬಿಸಿದ ಈ ನೆಲಕ್ಕೆ ಮೊದಲು ನೇಗಿಲು ಹೂಡಿದ ಇನ್ನೂರಹನ್ನೆರಡು ಮನೆತನಗಳ ಬೇರು ಹುಡುಕಿಕೊಟ್ಟಿದ್ದಾರೆ. ಕೋರ್ಟಿನ ಹಜಾರದ ಹಲಗೆಯಲ್ಲಿ ಅವರೆಲ್ಲರ ಹೆಸರಿದೆ. ವರ್ನಾರ ಮನೆತನದ್ದೇ ಇಲ್ಲ! ಮುತ್ತಜ್ಜಿ ಆಂಟ್ಯೆ ಮೊದಲ ಗಾಡಿಗಳಲ್ಲೇ ಬಂದಳೆಂಬುದು ಬರೀ ಬಾಯಿಮಾತು. ಹಲಗೆಗೆ 1870ರ ಜನಗಣತಿಯ ಪುರಾವೆ ಬೇಕು.

"ನಿಮ್ಮಜ್ಜಿ ಬಂದದ್ದು ನಿನ್ನ ಬಸ್ಸಲ್ಲೇ ಇರಬೇಕು ಕಣೇ," ಎಂದು ಹಲಗೆ ನೋಡಿಕೊಳ್ಳುವ ಸಂಘದ ಅಧ್ಯಕ್ಷ, ಕ್ಷೌರಿಕ ಮರ್ಲ್ ಹ್ರೂಬಿ ಕೆಣಕುತ್ತಾರೆ.

"ಹೂಂ. ನಿಮ್ಮಜ್ಜನ್ನ ಹತ್ತಿಸಿಕೊಳ್ಳಲಿಲ್ಲ. ಸ್ನಾನ ಮಾಡಿರಲಿಲ್ಲ."

ಈ ವಸಂತದಲ್ಲಿ ಮರ್ಲ್ ಮೂಗು ಹಿಡಿದು, ಮುದುಕಿಯ ದನಿಯಲ್ಲಿ ಫೋನು ಮಾಡುತ್ತಾರೆ: "ನಾನಮ್ಮಾ, ಶ್ರೀಮತಿ ಡೂ. ನಮ್ಮ ಮನೆತನದ ಮೂಲ ಹುಡುಕಿಕೊಡ್ತೀಯಾ?"

ಡೂ ಹೆಸರೇ ಅಲ್ಲ. ಹಿಂದಿನ ಗುಮಾಸ್ತರು ಮನೆತನದ ಹೆಸರನ್ನು ಮತ್ತೆ ಮತ್ತೆ ಬರೆಯಲು ಬೇಸತ್ತು, 'ಮೇಲಿನಂತೆ' (ಡಿಟ್ಟೊ) ಎನ್ನಲು 'do' ಎಂದು ಗೀಚುತ್ತಿದ್ದ ಗುರುತು ಅದು. ಅದನ್ನು ಹೆಸರೆಂದುಕೊಳ್ಳುವುದು ಹೊಸಬರ ತಪ್ಪು. ದನಿಗೆ ಮರುಳಾದ ವರ್ನಾ ಮೂರು ವಾರ ಡೂಗಳನ್ನು ಅರಸುತ್ತಾರೆ. ಗಣತಿಯ ಅಚ್ಚಾದ ಪಟ್ಟಿಯಲ್ಲಿ ಒಬ್ಬಳು ಸಿಗುತ್ತಾಳೆ: ಆಂಟ್ಯೆ ಡೂ, 1870.

ಕೋರ್ಟಿನಲ್ಲಿ ಗಣತಿಯ ಮೂಲ ಪುಸ್ತಕ ತೆರೆಯುತ್ತಿದ್ದಂತೆ ಬೆನ್ನ ಹಿಂದೆ ಅದೇ ದನಿ: "ಸಿಕ್ಕಿದಳಾ ನಮ್ಮಜ್ಜಿ?" ತಿರುಗಿದರೆ ಮರ್ಲ್, ಹೊಟ್ಟೆ ಹಿಡಿದು ನಗುತ್ತಿದ್ದಾರೆ.

"ಥೂ ನಿನ್ನ! ಡೂ ಅಂತೆ, ಡೂ! ನಿನ್ನ ಜೊತೆ ಟೂ ಹೋಗು! ಊರಿಗೆಲ್ಲಾ ಈ ಪಾಠ ಹೇಳಿಕೊಟ್ಟವಳು ನಾನು!"

ಆದರೆ 'ಮೇಲಿನಂತೆ' ಎಂದ ಮೇಲೆ ಮೇಲೊಬ್ಬರು ಇರಲೇಬೇಕಲ್ಲ? ಆಂಟ್ಯೆಯದು ಪುಟದ ಮೊದಲ ಸಾಲು. ವರ್ನಾ ಹಿಂದಿನ ಪುಟ ತಿರುವುತ್ತಾರೆ. ಕೊನೆಯ ಸಾಲು ನೀರು ತಾಗಿ ಅಳಿಸಿಹೋಗಿದೆ. ಕೈಗನ್ನಡಿ ಹೊರಬರುತ್ತದೆ. ಓರೆಬೆಳಕಿಗೆ ಲೇಖನಿಯ ಗೀರು ಎದ್ದು ಕಾಣುತ್ತದೆ: ಹಾಬೋ ಉಬ್ಬೆನ್. ವರ್ನಾರ ಮುತ್ತಜ್ಜ. ಅಂದರೆ ಆಂಟ್ಯೆ ಡೂ ಎಂದರೆ ಆಂಟ್ಯೆ ಉಬ್ಬೆನ್!

ಮರ್ಲ್ ನಗು ನಿಲ್ಲಿಸುತ್ತಾರೆ. ಈಗ ಸ್ವಂತ ದನಿ. "ಹಲಗೇಲಿ ನಮ್ಮ ಹ್ರೂಬಿ ಹೆಸರಿನ ಕೆಳಗೇ ಜಾಗ ಇದೆ. ಬರೆಸಲಾ?"

"ಬರೆಸು. ಪೂರ್ತಿ ಬರೆಸು ಮಾರಾಯ. ಡೂ ಅಂತ ಗೀಚಿಬಿಟ್ರೆ ನಾನು ನಿನ್ನ ಹೆಂಡ್ತಿ ಆಗಿಬಿಡ್ತೀನಿ!"

ಮರ್ಲ್ ನಕ್ಕದ್ದು ಕೋಣೆಗಷ್ಟೇ ಕೇಳಿಸಿತು. ವರ್ನಾ ನಕ್ಕದ್ದು ಹಜಾರ ದಾಟಿ ಬೀದಿಗೆ.