ವ್ಯಾಸರಾಜರ ಖಾಸಾ ಇತಿಹಾಸ

ನಾಗಪುರಕ್ಕೆ ವರ್ಗವಾಗಿ ಬಂದ ಯಾವ ಕನ್ನಡಿಗನೂ ನಿವೃತ್ತ ಬ್ಯಾಂಕ್ ಅಧಿಕಾರಿ ವ್ಯಾಸರಾಜರ ಕೈಯಿಂದ ತಪ್ಪಿಸಿಕೊಂಡದ್ದಿಲ್ಲ. ಭಾನುವಾರ ಬೆಳಗಾದರೆ ಸಾಕು, ತಲೆಗೆ ಮಫ್ಲರು ಸುತ್ತಿ, ಕೊಡೆಯನ್ನು ಕತ್ತಿಯಂತೆ ಎತ್ತಿ ಹಿಡಿದು, ಹೊಸಬರನ್ನೆಲ್ಲ ಹಳೇ ಊರಾದ ಮಹಾಲಿನ ಗಲ್ಲಿಗಳಲ್ಲಿ ನಡೆಸುತ್ತಾರೆ. ಇತಿಹಾಸ ಗೊತ್ತಿದ್ದಲ್ಲಿ ಹೇಳುತ್ತಾರೆ, ಗೊತ್ತಿಲ್ಲದಲ್ಲಿ ಇನ್ನೂ ಜೋರಾಗಿ ಹೇಳುತ್ತಾರೆ. "ಈ ಎಸ್‌ಟಿಡಿ ಬೂತ್ ಅದ ಅಲ್ಲಾ, ಗೊಂಡ ರಾಜನ ಪಟ್ಟದ ಆನಿ ಇಲ್ಲೇ ನಿಲ್ಲತಿತ್ತು!" ಸಂಶಯಪಟ್ಟವರ ಬಾಯಿಯನ್ನು, "ನಿಲ್ಲಲಾರದ್ದು ನೀವು ನೋಡೀರೇನು?" ಎಂದು ಮುಚ್ಚಿಸುತ್ತಾರೆ. ಸವೆದ ಕಲ್ಲು ಕಂಡರೆ ಚಾಲುಕ್ಯರದು, ಸವೆಯದಿದ್ದರೆ ರಾಷ್ಟ್ರಕೂಟರದು. ಕಳೆದ ಭಾನುವಾರ ಮರದ ಕಿಟಕಿಯೊಂದರ ಕೆಳಗೆ ನಿಂತು ಒಬ್ಬ ರಾಣಿಯನ್ನೇ ಹುಟ್ಟಿಸಿದರು. "ಧಾರವಾಡದಾಕಿ. ಮರಾಠಿ ಒಂದಕ್ಷರ ಬರತಿದ್ದಿಲ್ಲ. ರಾಜಾ ಬ್ಯಾಂಕಿಗೆ... ಅಲ್ಲಲ್ಲ, ದರಬಾರಕ್ಕ ಹೋದಕೂಡಲೇ ಈ ಕಿಟಕ್ಯಾಗ ಕೂತು ಅಳತಿದ್ಳು." ಎಲ್ಲರೂ ನಕ್ಕರು. ಮದುವೆಯಾಗಿ ಈಚೆಗಷ್ಟೇ ಮೈಸೂರಿಂದ ಬಂದಿದ್ದ ರಾಗಿಣಿ ಮಾತ್ರ ನಗಲಿಲ್ಲ. "ಆಮೇಲೆ ಏನ್ಮಾಡಿದ್ಲು?" ಎಂದಳು, ಕಣ್ಣೊರೆಸಿಕೊಳ್ಳುತ್ತ. ಎಂದೂ ತಡವರಿಸದ ವ್ಯಾಸರಾಜರು ತಡವರಿಸಿದರು. ಈ ಒಂದು ಕಥೆಯ ಮುಂದಿನದು ಅವರಿಗೆ ನಿಜವಾಗಿಯೂ ಗೊತ್ತಿತ್ತು. "ಕಾಯಿಪಲ್ಲೆ ಮಾರೋಕಿ ಜೋಡಿ ದಿನಾ ಜಗಳಾಡಿ ಮರಾಠಿ ಕಲತಳವಾ," ಎಂದರು ಮೆಲ್ಲಗೆ. ಗುಂಪಿನ ಕೊನೆಯಲ್ಲಿದ್ದ ಅವರ ಹೆಂಡತಿ, ಧಾರವಾಡದ ಲೀಲಾಬಾಯಿ, ಮುಂದೆ ಬಂದು ರಾಗಿಣಿಯ ಕೈ ಹಿಡಿದರು: "ನಾಳೆ ಬಜಾರಕ್ಕ ನನ್ನ ಜೋಡಿ ಬಾರವಾ. ಜಗಳಾಡೋದು ಕಲಸತೀನಿ."